ಮದರ್ ಮೇಡಿಂಗ್ ಅವರ ಏಳನೆಯ ದೆವ್ವ

ಮದರ್ ಮೇಡಿಂಗ್‌ಗೆ ದೆವ್ವವೆಂದರೆ ಎದೆ ಪುಕಪುಕ. ಹಾಗಿದ್ದೂ ಮೂವತ್ತಾರು ವರ್ಷದಲ್ಲಿ ಆರು ದೆವ್ವದ ಸಿನಿಮಾ ತೆಗೆದರು, ಆರೂ ಓಡಿದವು. ಅದೇ ಬಿಳಿ ನಿಲುವಂಗಿಯ ಹೆಣ್ಣು, ಅದೇ ಆಲದಂಥ ಬಾಲೆಟೆ ಮರ. ಆ ಹೆಣ್ಣಿನ ಮುಖಕ್ಕೆ ಪೌಡರ್ ಮೆತ್ತುವವಳು ನಾನು, ಪಾಸಿಂಗ್.

ಕಲೂಕಾನ್‌ನ ಟಾಕೀಸಿನಲ್ಲಿ ಟಿಕೆಟ್ ಹರಿಯುತ್ತಿದ್ದ ಹುಡುಗಿ ನಿರ್ಮಾಪಕಿಯಾದದ್ದು ಸಣ್ಣ ಮಾತಲ್ಲ. ಅವರನ್ನು ಕಟ್ಟಿಹಾಕಿದ್ದು ಮಾತ್ರ ಗೆಲುವಲ್ಲ, ನಾವು. ಕೂಸಿನ ಜ್ಞಾನಸ್ನಾನಕ್ಕೆ ಧರ್ಮತಾಯಿಯಾಗಿ ನಿಲ್ಲಿ ಎಂದು ಯಾರಾದರೂ ಕೇಳಿದರೆ ನಮ್ಮಲ್ಲಿ ಇಲ್ಲ ಎನ್ನುವ ಹಾಗಿಲ್ಲ, ಇಲ್ಲವೆಂದರೆ ಕೂಸಿಗೆ ಕೇಡು. ಲೈಟಿನವನು ಕೇಳಿದ, ಬಡಗಿ ಕೇಳಿದ, ನಾಯಕಿಯೂ ಕೇಳಿದಳು. ಹೀಗೆ ಅವರು ಎಲ್ಲರಿಗೂ ಮದರ್ ಆದರು, ಧರ್ಮಮಕ್ಕಳು ತೊಂಬತ್ತಮೂರು. ಬೆಳೆದ ಮೇಲೆ ಅವರಿಗೊಂದು ಕೆಲಸ ಕೊಡುವುದೂ ಧರ್ಮತಾಯಿಯ ಹೊಣೆ. ಅರ್ಧ ಜನ ನಮ್ಮ ಸ್ಟುಡಿಯೋದಲ್ಲೇ ತುಂಬಿಕೊಂಡರು. ಇನ್ನು ಕಂಪನಿ ಮುಚ್ಚುವುದೆಂತು? ಪ್ರತಿ ವರ್ಷ ಮುಚ್ಚುತ್ತೇನೆ ಎನ್ನುತ್ತಿದ್ದರು, ಪ್ರತಿ ವರ್ಷ ಮತ್ತೊಂದು ಮಗು ಹುಟ್ಟುತ್ತಿತ್ತು.

ಏಳನೆಯದರಲ್ಲಿ ಅವರು ಗಟ್ಟಿ ಮನಸ್ಸು ಮಾಡಿದರು. ಈ ಸಲ ಪಾದ್ರಿ ಮಂತ್ರಿಸಿದ ಬೆಂಕಿಯಲ್ಲಿ ದೆವ್ವ ಬೂದಿಯಾಗಬೇಕು, ಎಂಟನೆಯ ಭಾಗಕ್ಕೆ ದಾರಿಯೇ ಇರಬಾರದು. ಆಮೇಲೆ ಅವರು ಗಿಮಾರಸ್ ದ್ವೀಪಕ್ಕೆ, ತಂಗಿಯ ಮಾವಿನ ತೋಟಕ್ಕೆ.

ಕೊನೆಯ ಶಾಟ್ ಉಳಿದಿದ್ದ ಗುರುವಾರ, ಊಟದ ಹೊತ್ತಿಗೆ ಅವರು ನನ್ನ ಬಣ್ಣದ ಕೋಣೆಗೆ ಬಂದು ಕನ್ನಡಿಯ ಮುಂದೆ ಕೂತರು. ನೂಡಲ್ಸಿನ ತಟ್ಟೆ ತೊಡೆಯ ಮೇಲಿತ್ತು.

"ನಾಳೆ ಈ ಹೊತ್ತಿಗೆ ನಾನು ಹಡಗಲ್ಲಿರ್ತೀನಿ ಕಣೇ ಪಾಸಿಂಗ್. ಇನ್ಮೇಲೆ ನನ್ನ ಯಾರೂ ಮದರ್ ಅನ್ನಂಗಿಲ್ಲ."

"ಮತ್ತೇನಂತಾರೆ ಮದರ್?"

"ಅಕ್ಕಾ ಅಂತಾಳೆ ನನ್ನ ತಂಗಿ. ಸಾಕಲ್ವಾ?" ಎಂದು ನಕ್ಕರು. ಅಷ್ಟು ಹಗುರಾಗಿ ಅವರು ನಕ್ಕದ್ದನ್ನು ನಾನು ಕಂಡಿರಲಿಲ್ಲ. ದೇವರಾಣೆ, ನನಗೆ ಸಂತೋಷವಾಯಿತು.

ನನ್ನ ಮಗಳು ಹೆತ್ತು ಒಂಬತ್ತು ದಿನವಾಗಿತ್ತು. ಮದರ್ ಹೋಗುವ ತನಕ ಸುದ್ದಿ ಬಾಯಿಬಿಡಬಾರದೆಂದು ಮನೆಯಲ್ಲಿ ಎಲ್ಲರಿಗೂ ತಾಕೀತು ಮಾಡಿದ್ದವಳು ನಾನೇ. ಆದರೆ ಅಳಿಯ ಇದೇ ಸ್ಟುಡಿಯೋದಲ್ಲಿ ಲೈಟ್ ಎತ್ತುವವನು. ನಾಳೆಯಿಂದ ಅವನು ಏನು ಎತ್ತಬೇಕು? ನಾನು ಯಾರ ಮುಖಕ್ಕೆ ಬಣ್ಣ ಹಚ್ಚಬೇಕು? ಹೆದರಿಕೆಗೆ ಮಾತು ಜಾರಿತು.

"ಮದರ್, ನಮ್ಮ ಲೊಲಿತಾಗೆ ಮಗು ಆಯ್ತು. ನೀವೇ ಧರ್ಮತಾಯಿ ಆಗ್ಬೇಕು."

ಅವರು ತಟ್ಟೆಯನ್ನು ಕೆಳಗಿಟ್ಟರು. ಕನ್ನಡಿಯಲ್ಲಿ ನನ್ನನ್ನೇ ನೋಡಿದರು.

"ನೀನೂನಾ, ಪಾಸಿಂಗ್?"

ನಾನು ಬ್ರಷ್ ತೊಳೆಯುವ ನೆಪ ಮಾಡಿದೆ.

"ಗಂಡೋ, ಹೆಣ್ಣೋ?"

"ಹೆಣ್ಣು."

ಎದ್ದು ಬಾಗಿಲಿಗೆ ಹೋಗಿ ನಿರ್ದೇಶಕನನ್ನು ಕೂಗಿದರು. "ಲೋ ನೊನೊಯ್, ಎಲ್ಲಾ ಸುಟ್ಟಾದ್ಮೇಲೆ ಆ ಬೂದಿಯಿಂದ ಒಂದು ಕೈ ಮೇಲೆ ಬರ್ಲಿ."

ಹೊರಗೆ ಕೇಕೆ, ಚಪ್ಪಾಳೆ. ಮದರ್ ನನ್ನ ಕಡೆ ತಿರುಗದೆಯೇ, "ಆ ಕೈಗೂ ಪೌಡರ್ ಹಚ್ಚು, ಹೋಗು" ಎಂದರು.

ಹೋಗಿ ಹಚ್ಚಿದೆ. ಬೆರಳ ಸಂದಿಯನ್ನೂ ಬಿಡಲಿಲ್ಲ.