ಮೂವತ್ತನಾಲ್ಕನೆಯ ದಿನ

ಮೊನ್ನೆ ಮಗಳು ಸಂತೆಯಿಂದ ಹೊಸ ಹರವಿ ತಂದು ನೀರು ತುಂಬಿದಳು. ಸುಟ್ಟ ಮಣ್ಣಿಗೆ ಮೊದಲ ನೀರು ಸೋಕಿದಾಗಿನ ಆ ವಾಸನೆ ಅಡುಗೆಮನೆಯಿಂದ ಪಡಸಾಲೆಯವರೆಗೆ ಬಂತು. ಮುಗದ ಎಂಬ ಹಳ್ಳಿಯ ಕುಂಬಾರ ನೆನಪಾದ. ನೆನಪಾದದ್ದೇ ತಡ, ಸಿಟ್ಟೂ ಬಂತು. ಇಷ್ಟು ವರ್ಷವಾದರೂ ಆ ಸಿಟ್ಟು ಆರಿಲ್ಲ.

ಎರಡನೆಯ ಮಹಾಯುದ್ಧ ಶುರುವಾಗುವ ಮುಂಚಿನ ಮಾತು. ನಾನು ಆಗ ಮಾಳಮಡ್ಡಿಯ ಒಬ್ಬ ವಕೀಲರಲ್ಲಿ ಕಾರಕೂನನಾಗಿದ್ದೆ. ಕುಂಬಾರನ ಮನೆತನದವರು ಅಜ್ಜನ ಕಾಲದಿಂದ ಕೆರೆಯಂಚಿನ ಒಂದು ಗುಂಡಿಯಿಂದ ಮಣ್ಣು ತರುತ್ತಿದ್ದರು. ಪಕ್ಕದ ಹೊಲದವನು ಆ ಜಾಗ ತನ್ನದೆಂದು ದಾವೆ ಹೂಡಿ ಗೆದ್ದುಬಿಟ್ಟ. ಇನ್ನು ಅಲ್ಲಿ ಗುದ್ದಲಿ ಇಡಕೂಡದೆಂದು ಕೋರ್ಟಿನ ಹುಕುಂ ಆಯಿತು. ಮಣ್ಣಿಲ್ಲದ ಕುಂಬಾರ ಏನು ಮಾಡಬೇಕು, ಬರಿಗೈಯಲ್ಲಿ ತಿಗರಿ ತಿರುಗಿಸಬೇಕೆ?

ಮೇಲಿನ ಕೋರ್ಟಿಗೆ ಅಪೀಲು ಹೋಗಲು ಮೂವತ್ತು ದಿನ ಇದೆ ಎಂದು, ನಮ್ಮ ವಕೀಲರ ಹತ್ತಿರ ಬಂದ ಅವನಿಗೆ ನಾನೇ ಹೇಳಿದೆ. ಅವನು ಬೆರಳ ಗೆಣ್ಣು ಎಣಿಸಿಕೊಂಡ. ಹೊರಟವನು ಹೊಸ್ತಿಲಲ್ಲಿ ನಿಂತು ಕೇಳಿದ:

“ಹೊಲದವರು ಊರ ಹಿರ್ಯಾರ ಮುಂದ ಕುಂತು ಮಾತಾಡೂಣು ಅಂದಾರ್ರಿ. ಮಾತುಕತಿ ನಡದಾಗ ಈ ದಿವಸ ನಿಲ್ಲತಾವೇನ್ರಿ?”

ನಾನು ಕಾಗದದ ಕಟ್ಟು ಹೊಲಿಯುತ್ತಿದ್ದೆ. ತಲೆಯೆತ್ತದೆ “ಹ್ಞೂಂ, ಹ್ಞೂಂ” ಅಂದೆ. ಅವನು ಹೋದ…

ಈ ಮಂಗಳವಾರ, ಬರುವ ಮಂಗಳವಾರ ಎಂದು ಹೊಲದವನು ದಿನ ದೂಡಿದ. ಇವನೋ ಗಡಿಗೆ ಸುಡುವ ಆವಿಗೆಯ ಮುಂದೆ ಕಾದು ರೂಢಿಯಾದವನು. ಬೆಂಕಿ ಆರಿದರೂ ಆವಿಗೆ ತಾನಾಗಿ ತಣಿಯುವವರೆಗೆ ಬಿಚ್ಚಬಾರದು, ಅವಸರ ಮಾಡಿದರೆ ಗಡಿಗೆಗಳು ಸೀಳುತ್ತವೆ. ಮನುಷ್ಯರೂ ಹಾಗೇ ಎಂದು ತಿಳಿದಿದ್ದ. ಕೊನೆಗೆ ಹೊಲದವನು ಕೈ ಝಾಡಿಸಿದ. ಕುಂಬಾರ ತಲೆಯ ಮೇಲೆ ಒಂದು ಹರವಿ ಹೊತ್ತು ನಮ್ಮಲ್ಲಿಗೆ ಬಂದ. ನಾನು ಎಣಿಸಿದೆ. ತೀರ್ಪಿನ ನಕಲು ಸಿಗಲು ಹಿಡಿದ ದಿನ ಬಿಟ್ಟರೂ ಮೂವತ್ತನಾಲ್ಕು.

ವಕೀಲರು ಹಣೆ ಚಚ್ಚಿಕೊಂಡರು. ತಡವಾದದ್ದಕ್ಕೆ ಸರಿಯಾದ ಕಾರಣ ತೋರಿಸಿದರೆ ಕೋರ್ಟು ಒಮ್ಮೊಮ್ಮೆ ಮನ್ನಿಸುವುದುಂಟು. “ಜ್ವರ ಬಂದಿತ್ತು ಅಂತ ಬರಸೋ,” ಅಂದರು.

“ಜ್ವರ ಬಂದಿರಲಿಲ್ರಿ. ಛಲೋನ ಇದ್ದೆ.”

“ಮತ್ಯಾಕ ತಡಾ ಮಾಡಿದಿ? ದಿನ ನಿಲ್ಲತಾವ ಅಂತ ಯಾರರ ಹೇಳಿದ್ರೇನು?”

ಅವನು ನನ್ನ ಕಡೆ ನೋಡಲೇ ಇಲ್ಲ. “ಯಾರೂ ಹೇಳಿಲ್ರಿ. ನನಗ ತಿಳೀಲಿಲ್ಲ, ಅಷ್ಟ,” ಅಂದ. ಹೋಗುವಾಗ ಹರವಿಯನ್ನು ನನ್ನ ಮೇಜಿನ ಪಕ್ಕ ಇಟ್ಟು ಹೋದ. ಆ ಗುಂಡಿಯ ಮಣ್ಣಿನದು, ಕೊನೆಯದು.

ತಿಳಿಯಲಿಲ್ಲ ಎಂಬುದು ಕಾರಣವಲ್ಲವೆಂದು ಅಪೀಲು ಬಾಗಿಲಲ್ಲೇ ಬಿತ್ತು. ಅವನು ತಿಗರಿ ಮಾರಿ, ಹುಬ್ಬಳ್ಳಿಯ ಕಡೆ ಯಾವುದೋ ಹಂಚಿನ ಭಟ್ಟಿಗೆ ಕೂಲಿಗೆ ಹೋದನೆಂದು ಕೇಳಿದೆ. ಮೂರೋ ನಾಲ್ಕೋ ಮಳೆಗಾಲ ಕಳೆದ ಮೇಲೆ ತೀರಿಕೊಂಡನಂತೆ…

ಹೊಲದವನ ಮೇಲೆ, ಕಾಯಿದೆಯ ಮೇಲೆ, ಅವನ ಭೋಳೆತನದ ಮೇಲೆ ವರ್ಷಗಟ್ಟಲೆ ಸಿಟ್ಟಾದೆ. ಮಗಳು ಹೊಸ ಹರವಿಯ ನೀರು ತಂದು ಕೊಟ್ಟಳು, ಹಿಡಿದುಕೊಂಡೇ ಕೂತೆ. ತಡ ಮನ್ನಿಸಿರೆಂಬ ಅರ್ಜಿ ಬರೆದವನು ನಾನೇ. ಕಾರಕೂನನ ಮಾತು ನಂಬಿ ತಡವಾಯಿತು ಎಂದು ಒಂದು ಸಾಲು ಬರೆದಿದ್ದರೆ ಕೋರ್ಟು ಕೇಳುತ್ತಿತ್ತೇನೋ. ವಕೀಲರು ಅವನನ್ನು ಕೇಳಿದಾಗ ನಾನೂ ಅಲ್ಲೇ ಕೂತಿದ್ದೆ, ತಲೆ ಬಗ್ಗಿಸಿ, ಕಾಗದದ ಕಟ್ಟು ಹೊಲಿಯುತ್ತ.