ಈರವ್ವ ಕುಂಕುಮ ಹಚ್ಚಿದ ಎಂಜಿನ್ನು

ಕಳವಾ ಊರಿನ ಚಾಳಿನಲ್ಲಿರುವ ಈರವ್ವನ ಕೈ ಸುಮ್ಮನಿರುವ ಕೈಯಲ್ಲ. ಮನೆಗೆ ಹೊಸ ಕುಕ್ಕರ್ ಬಂದರೆ ಅದಕ್ಕೊಂದು ಕುಂಕುಮ, ಪಕ್ಕದ ಖೋಲಿಯವರ ಸ್ಕೂಟರಿಗೊಂದು ಕುಂಕುಮ. ಟಿವಿ ರಿಮೋಟನ್ನೂ ಬಿಟ್ಟಿಲ್ಲ ಎಂದು ಮೊಮ್ಮಗಳು ಪೂನಂ ನಗುತ್ತಾಳೆ. ಇದೇ ಕೈ ಒಮ್ಮೆ ಆಕೆಯನ್ನು ಎಂಥ ಪೇಚಿಗೆ ಸಿಕ್ಕಿಸಿತು ಅಂತೀರಿ!

ಆಕೆಯ ಗಂಡ ರಾಯಪ್ಪ ಇಂಡಿ ಕಡೆಯವರು. ಖಾಡಿಯ, ಅಂದರೆ ಸಮುದ್ರದ ಹಿನ್ನೀರಿನ, ದಂಡೆಯ ಗೂಡ್ಸ್ ಯಾರ್ಡಿನಲ್ಲಿ ಎಂಜಿನ್ ಡ್ರೈವರ್. ಮೊದಲು ಉಗಿ ಎಂಜಿನ್ನು, ಆಮೇಲೆ ಡೀಸೆಲ್. ವ್ಯಾಗನ್ನುಗಳನ್ನು ಈ ಸಾಲಿನಿಂದ ಆ ಸಾಲಿಗೆ ದೂಡುವುದೇ ಕೆಲಸ, ಯಾರ್ಡಿನ ಗೇಟು ದಾಟಿದ ಗಾಡಿಯೇ ಅಲ್ಲ ಅದು. ಆದರೂ ಅವರ ಜಂಬ ನೋಡಬೇಕಿತ್ತು, ಮೇಲ್ ಗಾಡಿ ಓಡಿಸುವವರಿಗೂ ಅಷ್ಟಿರಲಿಲ್ಲ. ಎರಡು ಸಾವಿರದ ಆರರ ಸುಮಾರಿಗೆ ಯಾರ್ಡು ಮುಚ್ಚಿತು, ಇವರೂ ರಿಟೈರ್ ಆದರು. ಶುರುವಾಯಿತು ನೋಡಿ ಗೋಡೆ ನೋಡುವ ಕೆಲಸ! ಊಟಕ್ಕೆ ಕರೆದರೆ ‘ಹ್ಞೂಂ’, ಮೈಗೆ ಹುಷಾರಿಲ್ಲವೇ ಎಂದರೆ ‘ಹ್ಞೂಂ’. ಈರವ್ವ ಕಾಲು ಕೆರೆದು ಜಗಳ ತೆಗೆದರೂ ಜಗಳಕ್ಕೆ ಬರಲಿಲ್ಲ. ಜಗಳಕ್ಕೂ ಬರದ ಗಂಡನನ್ನು ಕಂಡು ಆಕೆಗೆ ನಿಜಕ್ಕೂ ಹೆದರಿಕೆಯಾಯಿತು.

ಐದಾರು ವರ್ಷ ಹೀಗೇ ಹೋಯಿತು. ಅಷ್ಟರಲ್ಲಿ ಯಾರ ಪುಣ್ಯವೋ, ಯಾರ್ಡು ಬಿಲ್ಡರ್ ಪಾಲಾಗದೆ ಉಳಿದು ಪಾರ್ಕಾಯಿತು. ಹಳಿಗಳ ನಡುವೆ ಹುಲ್ಲು ಬೆಳೆಸಿದರು, ಸಿಗ್ನಲ್ ಕಂಬಕ್ಕೆ ಬಣ್ಣ ಬಳಿದರು. ಮೂಲೆಯಲ್ಲಿ ತುಕ್ಕು ತಿನ್ನುತ್ತಿದ್ದ ರಾಯಪ್ಪನವರ ಉಗಿ ಎಂಜಿನ್ನನ್ನು ತಿಕ್ಕಿ ತೊಳೆದು ನಡುಮಧ್ಯೆ ನಿಲ್ಲಿಸಿದರು. ಪಾರ್ಕಿನ ಮ್ಯಾನೇಜರ್ ಜಯಶೀಲ, ಉಡುಪಿ ಕಡೆಯ ಹುಡುಗ, ಮನೆ ಹುಡುಕಿಕೊಂಡು ಬಂದು, “ಅಜ್ಜ, ಆದಿತ್ಯವಾರ ಬಂದು ಮಕ್ಕಳಿಗೆ ಎಂಜಿನ್ ತೋರಿಸ್ತೀರಾ?” ಎಂದು ಕೇಳಿದ.

ಅಂದಿನಿಂದ ರಾಯಪ್ಪ ಮತ್ತೆ ಮನುಷ್ಯರಾದರು. ಮಕ್ಕಳನ್ನು ಡ್ರೈವರ್ ನಿಲ್ಲುವ ಕಟ್ಟೆಗೆ ಹತ್ತಿಸುವುದು, ಹಿಡಿಕೆ ಎಳೆಯಲು ಬಿಡುವುದು, ಬಾಯಲ್ಲೇ ಕೂ ಎಂದು ಸೀಟಿ ಊದುವುದು. ಮನೆಗೆ ಬಂದು, “ಇನ್ನೊಂದು ರೊಟ್ಟಿ ಹಾಕ,” ಎಂದ ದಿನ ಈರವ್ವ ಒಲೆಯ ಕಡೆ ತಿರುಗಿ ಅತ್ತುಬಿಟ್ಟಳು.

ಆ ಖುಷಿಯಲ್ಲೇ ಎಡವಟ್ಟಾಯಿತು. ಯಾರ್ಡು ನಡೆಯುತ್ತಿದ್ದಾಗ ಆಯುಧ ಪೂಜೆಯ ದಿನ ಮನೆಮಂದಿಯೆಲ್ಲ ಹೋಗಿ ಎಂಜಿನ್ನಿಗೆ ವಿಭೂತಿ, ಕುಂಕುಮ, ಚೆಂಡು ಹೂವು ಏರಿಸುವ ಪದ್ಧತಿ ಇತ್ತು. ಈರವ್ವ ಆ ವರ್ಷವೂ ತಾಟು ಹಿಡಿದು ಹೋಗಿ ಹಾಗೇ ಮಾಡಿ ಬಂದಳು. ಆದರೆ ಓಡುವ ಗಾಡಿಯ ಕುಂಕುಮ ಮರುದಿನ ಹೊಗೆಯಲ್ಲಿ, ಮಸಿಯಲ್ಲಿ ಹೋಗುತ್ತಿತ್ತು. ನಿಂತ ಗಾಡಿಗೆ ಹಚ್ಚಿದ್ದು ನಿಂತೇಬಿಟ್ಟಿತು. ಕಂಡವರು ಕೈಮುಗಿದರು. ಮುಗಿದವರು ಎಣ್ಣೆ ಹಚ್ಚಿದರು. ದೀಪಾವಳಿಯ ಹೊತ್ತಿಗೆ ಗಾಲಿಯ ಮುಂದೆ ತೆಂಗಿನಕಾಯಿ ಚಿಪ್ಪಿನ ರಾಶಿ, ಕೊಳವೆಗೆ ಹಸಿರು ಸೀರೆ! ಚಾಳಿನ ಬಾಗಿಯಂತೂ ತನ್ನ ಸೊಂಟನೋವು ಎಂಜಿನ್ ದೇವಿಯಿಂದಲೇ ಹೋಯಿತೆಂದು ಡಂಗುರ ಸಾರಿದಳು.

ಜಯಶೀಲ ತಲೆ ಕೆರೆದುಕೊಳ್ಳುತ್ತ ಬಂದ. “ಅಮ್ಮ, ನಾನೆಂತ ಮಾಡ್ಲಿ? ಎಣ್ಣೆ ತಾಗಿ ಪೇಂಟ್ ಎಲ್ಲ ಹಾಳು. ಸುತ್ತ ಕಬ್ಬಿಣದ ಜಾಳಿ ಹಾಕಿ ಲಾಕ್ ಮಾಡಿ ಅಂತ ಮೇಲಿನವ್ರು ಹೇಳಿದ್ದಾರೆ. ಮತ್ತೆ ಮಕ್ಕಳನ್ನೂ ಹತ್ತಿಸ್ಲಿಕ್ಕೆ ಇಲ್ಲ.”

ಆ ರಾತ್ರಿ ರಾಯಪ್ಪ ರೊಟ್ಟಿ ಅರ್ಧಕ್ಕೇ ಬಿಟ್ಟು ಮಂಚದ ಮೇಲೆ ಗೋಡೆಯ ಕಡೆ ಮುಖ ಮಾಡಿ ಕೂತರು. ಅಯ್ಯೋ ನನ್ನ ಕೈಗಿಷ್ಟು ಬೆಂಕಿ ಹಾಕ, ಎಂದು ಈರವ್ವ ತನ್ನನ್ನೇ ಶಪಿಸಿಕೊಂಡಳು. ಬಾಗಿಯ ಮನೆಗೆ ಓಡಿ, “ಯವ್ವಾ, ಅದು ದೇವ್ರಲ್ಲ, ಬರೇ ಗಾಡಿ,” ಎಂದು ಹೇಳಿ ನೋಡಿದಳು.

“ಬರೇ ಗಾಡಿಯಾಗಿದ್ರ ನೀ ಯಾಕ ಕುಂಕುಮ ಹಚ್ಚಿದಿ? ಮೊದ್ಲು ಹಚ್ಚಿದಾಕಿ ನೀನ ಅಲ್ಲೇನ?” ಎಂದಳು ಬಾಗಿ. ಈರವ್ವ ಬಂದ ದಾರಿ ಹಿಡಿದಳು.

ಭಾನುವಾರ ಬಂತು. ಗೇಟಿನ ಬಳಿ ಜಾಳಿ ಹೇರಿದ ಟೆಂಪೊ. ಎಂಜಿನ್ನಿನ ಮುಂದೆ ಘಣಸೋಲಿಯ ಶಾಲೆಯ ಮಕ್ಕಳ ಗುಂಪು. ಬಾಗಿ ಮತ್ತು ಅವಳ ಕಡೆಯ ಹೆಂಗಸರು ಕಟ್ಟೆಯ ಮೆಟ್ಟಿಲಿಗೆ ಅಡ್ಡ ನಿಂತಿದ್ದರು.

“ಏ ಹುಡುಗ್ರಾ, ಬೂಟು ಹಾಕ್ಕೊಂಡು ಎಲ್ಲಿ ಬರ್ತೀರಿ? ದೇವಿ ಅದಾಳ, ಹತ್ತಬಾರ್ದು!” ಎಂದು ಬಾಗಿ ಗದರಿದಳು. ಮಕ್ಕಳು ಹಿಂದೆ ಸರಿದವು. ರಾಯಪ್ಪ ಬೆಂಚಿನ ಮೇಲೆ ತಲೆ ತಗ್ಗಿಸಿ ಕೂತಿದ್ದರು.

ಈರವ್ವ ಗಂಡನನ್ನು ನೋಡಿದಳು, ಟೆಂಪೊ ನೋಡಿದಳು. ಸೆರಗು ಸೊಂಟಕ್ಕೆ ಸಿಕ್ಕಿಸಿದಳು. ಬಾಗಿಯನ್ನು ಬದಿಗೆ ಸರಿಸಿ, ಕಾಲಲ್ಲಿ ಚಪ್ಪಲಿ ಇದ್ದಂತೆಯೇ ಮೊದಲ ಮೆಟ್ಟಿಲ ಮೇಲೆ ಹೆಜ್ಜೆ ಇಟ್ಟಳು. ಹೊಸ್ತಿಲು ತುಳಿದರೂ ಮುಟ್ಟಿ ಕಣ್ಣಿಗೊತ್ತಿಕೊಳ್ಳುವ ಹೆಂಗಸು! “ಶಿವನೇ, ತಪ್ಪಾದ್ರ ಹೊಟ್ಟ್ಯಾಗ ಹಾಕ್ಕೊ,” ಎಂದು ಗೊಣಗುತ್ತಲೇ ಮೇಲೆ ಹತ್ತಿದಳು.

“ಅಯ್ಯಯ್ಯ, ಚಪ್ಪಲಿ!” ಎಂದು ಬಾಗಿ ಬಾಯಿ ಬಡಿದುಕೊಂಡಳು.

“ಹೌದವಾ, ಚಪ್ಪಲಿ!” ಈರವ್ವ ಮೇಲಿನಿಂದ ಕೂಗಿದಳು. “ಕುಂಕುಮ ಹಚ್ಚಿದಾಕಿನೂ ನಾನ, ಚಪ್ಪಲಿ ಇಟ್ಟಾಕಿನೂ ನಾನ. ಶಾಪ ತಟ್ಟೂದಿದ್ರ ನನಗ ತಟ್ಟಲಿ. ಇದು ನನ್ನ ಗಂಡ ದುಡಿದ ಗಾಡಿ. ಬರ್ರಿ ಹುಡುಗ್ರಾ, ಹತ್ರಿ!”

ಒಂದು ಹುಡುಗಿ ಹತ್ತಿತು. ಅದರ ಹಿಂದೆ ಹಿಂಡಿಗೆ ಹಿಂಡೇ ನುಗ್ಗಿತು, ಬೂಟಿನ ಮಣ್ಣು ಸಮೇತ. ಅಷ್ಟು ಬೂಟುಗಳ ನಡುವೆ ಯಾವ ದೇವಿ ನಿಂತಾಳು? ಹೆಂಗಸರು ಗೊಣಗುತ್ತ ಹೂವಿನ ಬುಟ್ಟಿ ಎತ್ತಿಕೊಂಡು ಹೊರಟರು. ಬಾಗಿ ಕೊನೆಗೆ ಕೊಳವೆಗೆ ಸುತ್ತಿದ್ದ ಸೀರೆ ಬಿಚ್ಚಿ ಮಡಚಿಕೊಂಡು ಹೋದಳು. ಜಯಶೀಲ ಅದನ್ನೆಲ್ಲ ನೋಡಿ ನಕ್ಕು, ಮೇಲಿನವರಿಗೆ ತಾನೇ ಹೇಳುತ್ತೇನೆಂದು ಟೆಂಪೊ ವಾಪಸು ಕಳಿಸಿದ.

ರಾಯಪ್ಪ ಏದುಸಿರು ಬಿಡುತ್ತ ಮೇಲೆ ಬಂದರು. “ಏ, ಆ ಕಡೆ ಸರಿ. ಅದು ಡ್ರೈವರ್ ಜಾಗಾ.”

“ಸರಿಯಂಗಿಲ್ಲ. ಇವತ್ತ ನಾ ಡ್ರೈವರ್,” ಎಂದಳು ಈರವ್ವ, ಹಿಡಿಕೆ ಬಿಡದೆ. “ನೀವ ಕಲ್ಲಿದ್ದಲ ಹಾಕ್ರಿ.”

ರಾಯಪ್ಪ ಆಕೆಯ ಮುಖ ನೋಡಿದರು. ಮಕ್ಕಳೆಲ್ಲ ನೋಡುತ್ತಿದ್ದಂತೆ ಸೊಂಟ ಬಗ್ಗಿಸಿ, ಇಲ್ಲದ ಸಲಿಕೆಯನ್ನು ಎರಡೂ ಕೈಯಲ್ಲಿ ಎತ್ತಿಕೊಂಡರು.