ಗಾಳಿಯ ಜೊತೆ ಹೋದ ಪಗ್ಮಾರ ಕುದುರೆಗಳು

ನಸುಕಿನಲ್ಲೇ ಪಗ್ಮಾ ತಮ್ಮ ಗುಡಾರದಿಂದ ಹೊರಬಂದು, ಹಾಲು ಬೆರೆತ ಬಿಸಿ ಚಹಾವನ್ನು ಮರದ ಸೌಟಿನಿಂದ ಆಕಾಶಕ್ಕೆ ನೈವೇದ್ಯವಾಗಿ ಎರಚುತ್ತಾರೆ. ನಂತರ ಕಣ್ಣಿಗೆ ಕೈ ಮರೆಮಾಡಿ ಆಗ್ನೇಯಕ್ಕೆ ನೋಡುತ್ತಾರೆ. ಹಿಮಗಾಳಿ ಎದ್ದಾಗ ಕುದುರೆಗಳು ಗಾಳಿಗೆ ಬೆನ್ನು ಕೊಟ್ಟು ನಡೆಯುತ್ತವೆ. ಅವರ ಇಪ್ಪತ್ತಮೂರು ಕುದುರೆಗಳು ಹಾಗೆ ಹೋಗಿ ನಾಲ್ಕು ದಿನವಾಯಿತು.

ಮಂಗೋಲಿಯದ ಈ ಕಣಿವೆಯಲ್ಲಿ ಅದು ಅವರೊಬ್ಬರ ಚಿಂತೆಯಲ್ಲ. ಪ್ರತಿ ಚಳಿಗಾಲವೂ ಪಗ್ಮಾ ಕುದುರೆಗಳನ್ನು ಮೊದಲು ಇಳಿಜಾರಿಗೆ ಬಿಡುತ್ತಾರೆ. ಅವು ಮುಂಗಾಲಿನಿಂದ ಹಿಮ ಕೆದರಿ, ಹುಲ್ಲಿನ ತುದಿ ಮೇಯ್ದು ಮುಂದೆ ಸಾಗುತ್ತವೆ. ಉಳಿದ ಹುಲ್ಲು ಹಿಂದೆ ಬರುವ ನೆರೆಯವರ ಕುರಿ, ಆಡುಗಳಿಗೆ. ಇದನ್ನು ಕೆಲಸವೆಂದು ಯಾರೂ ಕರೆದಿಲ್ಲ, ಪಗ್ಮಾ ಕೂಡ.

ಗಂಡ ತೀರಿಕೊಂಡಾಗ ಕುದುರೆ ಮಾರಿಬಿಡು ಎಂದವರೇ ಹೆಚ್ಚು. ನೆರೆಯ ಚೋಯ್ಜಿಲ್ ತನ್ನವನ್ನೆಲ್ಲ ಮಾರಿ ಮೋಟಾರುಬೈಕು ಕೊಂಡ, ಶಾಲಿನ ಉಣ್ಣೆ ಕೊಡುವ ಆಡು ಸಾಕಿದ. "ಅಕ್ಕಾ, ಕುದುರೆ ಕೂದಲಲ್ಲಿ ಯಾರಾದ್ರೂ ಶಾಲು ನೇಯ್ತಾರಾ?" ಎಂದು ಛೇಡಿಸುತ್ತಿದ್ದ. "ನಿನ್ನ ಬೈಕಿಗೆ ಗೊರಸು ಬರ್ಲಿ, ಅವತ್ತೇ ಮಾರ್ತೀನಿ" ಎನ್ನುತ್ತಿದ್ದರು ಪಗ್ಮಾ.

ಈ ವರ್ಷ ನಡುಚಳಿಯಲ್ಲಿ ಒಂದು ದಿನ ಬಿಸಿಲೇರಿ ಹಿಮವೆಲ್ಲ ನೀರಾಯಿತು, ರಾತ್ರಿ ಅದೇ ನೀರು ಕಲ್ಲಾಯಿತು. ಹುಲ್ಲು ಕಾಣುತ್ತದೆ, ಬಾಯಿಗೆ ಸಿಗುವುದಿಲ್ಲ. ಆಡುಗಳ ಮೂತಿಯಲ್ಲಿ ರಕ್ತ.

ಚೋಯ್ಜಿಲ್ ಜಾರುವ ನೆಲದಲ್ಲಿ ಬೈಕು ತಳ್ಳಿಕೊಂಡೇ ಬರುತ್ತಾನೆ.

"ಚಳಿಗಾಲ ಸುಖವಾಗಿ ಕಳೀತಿದೆಯಾ ಅಕ್ಕ?"

"ಸುಖವಾಗಿ. ನಿಂದು?"

"ಸುಖವಾಗಿ."

ಮನೆಯ ಮುಂದೆ ಸತ್ತ ಕುರಿ ಬಿದ್ದಿದ್ದರೂ ಇಲ್ಲಿ ಇದಕ್ಕೆ ಬೇರೆ ಉತ್ತರವಿಲ್ಲ. ಆದರೆ ಅರ್ಧ ಬಟ್ಟಲು ಚಹಾ ಒಳಗೆ ಹೋಗುವಷ್ಟರಲ್ಲಿ ಚೋಯ್ಜಿಲ್ ಬಟ್ಟಲು ಕೆಳಗಿಡುತ್ತಾನೆ. "ಸುಳ್ಳಕ್ಕ. ಆಡುಗಳು ಒಂದರ ಮೈಕೂದಲು ಒಂದು ತಿಂತಿವೆ. ಇನ್ನೆರಡು ದಿನ, ಅಷ್ಟೇ. ಕುದುರೆ ಬರ್ತಾವಾ?"

"ಬರ್ತಾವೆ. ಹುಟ್ಟಿದ ಜಾಗ ಅವು ಮರೆಯಲ್ಲ" ಎನ್ನುತ್ತಾರೆ ಪಗ್ಮಾ. ಚಹಾ ಬಗ್ಗಿಸುತ್ತಲೇ ಬಾಗಿಲಾಚೆ ಆಗ್ನೇಯಕ್ಕೆ ಕಣ್ಣು ಹಾಯಿಸುತ್ತಾರೆ.

ಐದನೇ ಬೆಳಗ್ಗೆ ಸೌಟು ಕೈಯಲ್ಲಿರುವಾಗಲೇ ದೂರದಲ್ಲೊಂದು ಕೆನೆತ. ಮಸಿಬಣ್ಣದ ಮುದಿ ಹೆಣ್ಣುಕುದುರೆ ಮುಂದೆ, ಉಳಿದವು ಸಾಲಾಗಿ ಹಿಂದೆ. ಪಗ್ಮಾಗೆ ಹೋದ ಜೀವ ಬಂದಂತಾಗುತ್ತದೆ. ಎರಡೆರಡು ಸಲ ಎಣಿಸಿ, ಇಪ್ಪತ್ತಮೂರೂ ಇವೆಯೆಂದು ಖಾತ್ರಿಯಾದ ಮೇಲೆ ಮುದಿ ಕುದುರೆಯ ಕುತ್ತಿಗೆ ತಬ್ಬಿ ಅತ್ತುಬಿಡುತ್ತಾರೆ. ಅದರ ಬೆನ್ನಿನ ಮೇಲೆ ಬಿದ್ದ ಹಿಮ ಕರಗಿಲ್ಲ, ದಟ್ಟ ಕೂದಲೊಳಗೆ ಬೆರಳು ತೂರಿಸಿದರೆ ಬೆಚ್ಚಗಿದೆ. "ಒಳಗಿನ ಬಿಸಿ ಒಂಚೂರೂ ಹೊರಗೆ ಬಿಟ್ಟಿಲ್ಲ ನೋಡು ನೀನು. ಜಿಪುಣಿ!"

ಕೋಟ್ಯಂತರ ವರ್ಷಗಳ ಹಿಂದೆ ಕುದುರೆಯ ಪೂರ್ವಜ ನಾಯಿಯಷ್ಟಿತ್ತು, ಕಾಡಿನ ಮೆತ್ತನೆ ನೆಲದಲ್ಲಿ ಹಲವು ಬೆರಳೂರಿ ಓಡಾಡುತ್ತಿತ್ತು. ಕಾಡು ಬಯಲಾದಂತೆ ನಡುವಿನ ಬೆರಳು ಬಲಿತು ಗೊರಸಾಯಿತು, ಮಿಕ್ಕವು ಇಲ್ಲವಾದವು. ಒರಟು ಹುಲ್ಲು ಅರೆಯಲು ಹಲ್ಲು ಉದ್ದವಾಯಿತು. ಪಗ್ಮಾ ಇದನ್ನು ರೇಡಿಯೊದಲ್ಲಿ ಕೇಳಿದ್ದಾರೆ. "ಒಳ್ಳೇದೇ ಆಯ್ತು. ಅಷ್ಟೂ ಬೆರಳು ಉಳಿದಿದ್ರೆ ಎಲ್ಲಕ್ಕೂ ಕಾಲುಚೀಲ ನಾನೇ ಹೆಣೀಬೇಕಿತ್ತು!"

ಒಂದಿಷ್ಟು ಸುಧಾರಿಸಿಕೊಂಡ ಕುದುರೆಗಳು ತಾವಾಗಿಯೇ ಇಳಿಜಾರು ಹತ್ತುತ್ತವೆ. ಚೋಯ್ಜಿಲ್ ಆಡುಗಳೊಡನೆ ಹಿಂದೆಯೇ ನಿಂತಿದ್ದಾನೆ. ಮುದಿ ಕುದುರೆ ಮುಂಗಾಲೆತ್ತಿ ಹಿಮಗಡ್ಡೆಗೆ ಬಡಿಯುತ್ತದೆ. ಏನೂ ಆಗುವುದಿಲ್ಲ. ಮತ್ತೆ ಬಡಿಯುತ್ತದೆ. ಮಡಕೆ ಒಡೆದ ಹಾಗೆ ಸದ್ದಾಗಿ, ಹಳದಿ ಹುಲ್ಲು ಮೇಲೇಳುತ್ತದೆ. ಆಡುಗಳು ಒಂದರ ಮೇಲೊಂದು ಬಿದ್ದು ನುಗ್ಗುತ್ತವೆ.

"ಅಕ್ಕಾ, ವಸಂತದಲ್ಲಿ ನನಗೊಂದು ಕುದುರೆ ಮರಿ ಕೊಡ್ತೀಯಾ?" ಚೋಯ್ಜಿಲ್ ಕಣ್ಣೊರೆಸಿಕೊಂಡು ಕೇಳುತ್ತಾನೆ.

"ಹೆಣ್ಣು ಮರೀನೇ ಕೊಡ್ತೀನಿ. ನಾನಿಲ್ದಿದ್ರೂ ಈ ಕಣಿವೇಲಿ ಗೊರಸಿನ ಸದ್ದು ಇರ್ಬೇಕು, ಅಷ್ಟೇ ನನ್ನಾಸೆ."

ಅಷ್ಟರಲ್ಲಿ ಆಚೆ ಕಣಿವೆಯ ಸವಾರನೊಬ್ಬ ದೂರದಿಂದಲೇ ಕೂಗಿ ಕೇಳುತ್ತಾನೆ: "ಚಳಿಗಾಲ ಸುಖವಾಗಿ ಕಳೀತಿದೆಯಾ?"

"ಸುಖವಾಗಿ!" ಪಗ್ಮಾ ಬಾಯಿ ತೆರೆಯುವ ಮೊದಲೇ ಚೋಯ್ಜಿಲ್ ಅರಚುತ್ತಾನೆ.

"ನಂಬಪ್ಪಾ," ಪಗ್ಮಾ ನಗುತ್ತಾ ದನಿಗೂಡಿಸುತ್ತಾರೆ. "ಇವತ್ತು ನಿಜಾನೇ ಹೇಳ್ತಿದಾನೆ."